ಎರಡನೇ ಮೊಳೆ

ತೋರಣಗಲ್ಲಿನಲ್ಲಿ ಗೋಡೆಗೆ ಎಷ್ಟೇ ಸುಣ್ಣ ಬಳಿ,
ಆರು ತಿಂಗಳಿಗೆ ಅದಿರಿನ ಬಣ್ಣ.
ನನ್ನ ಖಾನಾವಳಿ ಗೋಡೆಗೆ ಒಂದೇ ಮೊಳೆ ಇತ್ತು,
ಅದರಲ್ಲಿ ನಮ್ಮ ಕ್ಯಾಲೆಂಡರು:
ಅಮಾವಾಸ್ಯೆಯ ಮನೆಯಲ್ಲಿ ಹಾಲಿನ ಲೆಕ್ಕ,
ಏಕಾದಶಿಯ ಮೇಲೆ ಸಿಲಿಂಡರ್ ಬಂದ ದಿನ,
ಯುಗಾದಿಯನ್ನು ಅರ್ಧ ಮುಚ್ಚಿ
ಗಾದಿಲಿಂಗ ಕೊಡಬೇಕಾದ ನಾನೂರ ಎಂಬತ್ತು.

ಎರಡನೇ ಮೊಳೆ ಬನಮಾಲಿ ಬೆಹೆರಾ ಹೊಡೆದದ್ದು.
ರೂಮಿನಲ್ಲಿ ಆರು ಜನ, ಗೋಡೆತುಂಬ ಅಂಗಿ,
"ಇಲ್ಲಿ ಹಾಕ್ಲಾ ಅಮ್ಮಾ?" ಅಂತ ಕೇಳಿದ.
ಗಂಜಾಮಿನಿಂದ ಅಮರಾವತಿ ರೈಲಿನಲ್ಲಿ
ಒಂದು ಹಗಲು ಒಂದು ರಾತ್ರಿ
ಲುಂಗಿಯಲ್ಲಿ ಸುತ್ತಿ ತಂದಿದ್ದ, ಮಡಿಕೆ ಬೀಳದ ಹಾಗೆ.
ಕೈಯಿಲ್ಲದ ಕರಿಯ ದೇವರು.
ದುಂಡು ಕಣ್ಣು, ರೆಪ್ಪೆಯೇ ಇಲ್ಲ.
ಇವನಿಗೂ ನೈಟ್ ಶಿಫ್ಟೇನೋ ಅಂದೆ.
ಬನಮಾಲಿ ನಗಲಿಲ್ಲ. ಆಮೇಲೆ ನಕ್ಕ.

ಅಕ್ಷರಗಳಿಗೆಲ್ಲ ಕೊಡೆ ಹಿಡಿದ ಹಾಗೆ.
ಎರಡು, ಮೂರು ನಮ್ಮವೇ ಅನ್ನಿಸಿ ಓದಿಬಿಟ್ಟೆ,
ಐದರ ಹೊತ್ತಿಗೆ ದಾರಿ ತಪ್ಪಿತು.

ಜೂನಿನಲ್ಲಿ ಪಾಯಖಾನೆ ಗುಂಡಿಗೆ ಜೇಸಿಬಿ ಕರೆಸಿದ್ದೆ.
ಕೋಕ್ ಓವನ್ನಿನಿಂದ ಬಂದವನು, ಮುಖ ತೊಳೆಯದೆ
ಕ್ಯಾಲೆಂಡರಿನ ಮೂರು ಕೆಂಪು ಮನೆ ತೋರಿಸಿ
"ಬ್ಯಾಡಮ್ಮಾ, ಮೂರು ದಿನ ಅಗಿಬ್ಯಾಡ" ಅಂದ.
ಯಾಕಪಾ ಅಂದರೆ ನೆಲ ನೋಡಿದ.
ನಾಚಿಕೆ, ಪಾಪ. ಹೆಂಗಸರ ಮಾತು.
ಭೂಮಿ ಮುಟ್ಟಾಗಿದ್ದಾಳಂತೆ.
ಅವರ ಕಡೆ ಆ ಮೂರು ದಿನ ನೇಗಿಲು ಹೂಡುವುದಿಲ್ಲ,
ಹೆಂಗಸರು ಒಲೆ ಮುಟ್ಟುವುದಿಲ್ಲ, ಉಯ್ಯಾಲೆ ಆಡುತ್ತಾರೆ.

ಉಯ್ಯಾಲೆ! ಐವತ್ತಾರು ವರ್ಷದವಳಿಗೆ.
ಆದರೂ ಜೇಸಿಬಿಯವನನ್ನು ಕಳಿಸಿದೆ,
ಸ್ಟೂಲಿನ ಮೇಲೆ ಕೂತೆ.
ಆರೂ ಜನ ಸೇರಿ ನನ್ನ ಅಕ್ಕಿಹಿಟ್ಟಿನಲ್ಲೇ
ಬೆಲ್ಲ ಕೊಬ್ಬರಿ ಕಲಸಿ ಏನೋ ಸುಟ್ಟರು,
ತಳ ಹತ್ತಿಸಿದರು. ಹತ್ತಿದ್ದೇ ರುಚಿ ಅಂದರು.
ನಾಲ್ಕನೇ ದಿನ ನನ್ನ ರುಬ್ಬುಕಲ್ಲಿಗೆ
ಅರಿಶಿನ ಹಚ್ಚಿ ನೀರೆರೆದ. ಅದೇ ಭೂಮಿಯಂತೆ.
ಆಚೆ ರಸ್ತೆಯಲ್ಲಿ ಅದಿರಿನ ಲಾರಿಗಳು
ಒಂದರ ಹಿಂದೆ ಒಂದು, ಸಂಡೂರಿನ ಕಡೆಯಿಂದ.
ಅವಕ್ಕೆ ಕೆಂಪು ಮನೆಯೇ ಇಲ್ಲ.

ಸೀಗಿ ಹುಣ್ಣಿಮೆಗೆ ನಾನೂ ಹೇಳಿದೆ:
ಇವತ್ತು ಅವಳು ಬಸುರಿ ಕಣಪ್ಪಾ,
ಬಯಕೆ ತೀರಿಸಬೇಕು.
ತಮ್ಮನ ಹೊಲಕ್ಕೆ ಕರೆದೊಯ್ದು ಚರಗ ಚೆಲ್ಲಿಸಿದೆ.
ಕಡುಬಿನ ಬುಟ್ಟಿ ಹಿಡಿದು ಬದುವಿನ ಮೇಲೆ ನಿಂತು
ಬೆರಳು ಮಡಿಸಿ ಎಣಿಸಿದ:
ಜೂನಿಗೆ ಅದು, ಅಕ್ಟೋಬರಿಗೆ ಇದು,
"ಲೆಕ್ಕ ಸರಿ ಅಮ್ಮಾ!"
ಅವನ ಗೋಡೆಯಲ್ಲಿ ಮೈನೆರೆದವಳು
ನನ್ನ ಗೋಡೆಯಲ್ಲಿ ಬಸುರಾಗಿದ್ದಳು,
ನಡುವೆ ಒಂದು ಗೇಣು ಸುಣ್ಣ.

ಮರುದಿನ ಮೀನು ಬೇಡ ಅಂದ, ತತ್ತಿಯೂ ಬೇಡ.
ಅವನಿಗೆ ಕಾರ್ತೀಕ ಶುರು.
ನಮಗೆ ದೀಪಾವಳಿ ದಾಟುವವರೆಗೆ ಆಶ್ವೀಜವೇ.
ಅವರ ತಿಂಗಳು ಹುಣ್ಣಿಮೆಗೆ ಮುಗಿಯುತ್ತದೆ,
ನಮ್ಮದು ಕತ್ತಲೆಗೆ.
ಹದಿನೈದು ದಿನ ಒಂದೇ ಸಾರಿನ ಪಾತ್ರೆಯಿಂದ
ಬೇರೆ ಬೇರೆ ತಿಂಗಳಿನವರಿಗೆ ಬಡಿಸಿದೆ.

ಊರಿನಲ್ಲಿ ಇಂಥದೇ ಇನ್ನೊಂದು ತೂಗುತ್ತಿತ್ತಂತೆ.
ಹೆಂಡತಿ ಕುಂತಳಾ ಅಲ್ಲಿ ಗೆರೆ ಎಳೆದರೆ
ಫೋನು ಕಿವಿಗಿಟ್ಟುಕೊಂಡು ಇವನಿಲ್ಲಿ ಎಳೆಯುತ್ತಿದ್ದ.
ಎಷ್ಟು ಗೆರೆಗೆ ಎಷ್ಟು ರಜೆ, ನಾನು ಕೇಳಲಿಲ್ಲ.

ಈ ಜನವರಿಗೆ ಅವನು ಬರಲಿಲ್ಲ.
ಕಂಟ್ರಾಕ್ಟರು ಬೇರೆ ಕಡೆ ಹಾಕಿದನಂತೆ.
ಹಳೆಯದನ್ನು ಮೊಮ್ಮಗಳು ಪುಸ್ತಕಕ್ಕೆ ರಟ್ಟು ಕಟ್ಟಲು ಬೇಡಿದಳು.
ಕೊಡಲಿಲ್ಲ. ಹೋದ ವರ್ಷದ ದೇವರು ಆದರೂ ದೇವರೇ,
ಸುತ್ತಿ ಅಟ್ಟದ ಮೇಲಿಟ್ಟೆ.

ಮೊನ್ನೆ ಐದನೇ ರೂಮಿನ ಪಾಯಕ್ಕೆ ಜೇಸಿಬಿ ಬಂತು.
ಜೂನು. ಮೊಳೆ ಖಾಲಿ.
ಯಾವ ಮೂರು ದಿನವೋ ನೆನಪಾಗಲಿಲ್ಲ,
ಅದಕ್ಕೇ ಒಂದು ವಾರ ತಡಿ ಅಂದೆ.
"ಯಾವ ಹಬ್ಬ ಅವ್ವಾ ಇದು, ಕ್ಯಾಲೆಂಡರಿನಾಗ ಇಲ್ಲ?"
ಬಾಡಿಗೆ ಲೆಕ್ಕ ಹೇಳುತ್ತ ಅವನು ಇಂಜಿನ್ ಆರಿಸಲಿಲ್ಲ.
ನಾನೂ ಸ್ಟೂಲಿನಿಂದ ಏಳಲಿಲ್ಲ.